ಹಾಡಿಗೆ ಪಕ್ಕವಾದ್ಯ ನುಡಿಸಿದ ಕ್ಯಾಮೆರಾ

1926ರ ಆಗಸ್ಟ್ 6ರಂದು ನ್ಯೂಯಾರ್ಕಿನ ವಾರ್ನರ್ಸ್ ಥಿಯೇಟರಿನಲ್ಲಿ ಸೇರಿದ್ದ ಜನ ‘ಡಾನ್ ಜುವಾನ್’ ಎಂಬ ಕಥಾಚಿತ್ರದ ಮೊದಲ ಪ್ರದರ್ಶನಕ್ಕೆ ಬಂದವರು. ಆ ಚಿತ್ರದಲ್ಲಿ ಪಾತ್ರಗಳು ಒಂದು ಮಾತನ್ನೂ ಆಡುವುದಿಲ್ಲ. ಸಂಭಾಷಣೆಯೆಲ್ಲ ಬರಹದ ಫಲಕಗಳಲ್ಲಿ ಬಂದುಹೋಗುತ್ತದೆ. ಹಿಂದೆ ವಾದ್ಯಸಂಗೀತವೂ ಆಗಾಗ ಕೆಲವು ಸದ್ದುಗಳೂ ಕೇಳಿಸುತ್ತವೆ, ಅಷ್ಟೆ. ಆದರೆ ಆ ರಾತ್ರಿಯನ್ನು ನೆನಪಿನಲ್ಲಿ ಉಳಿಸಿದ್ದು ಕಥಾಚಿತ್ರಕ್ಕಿಂತ ಮೊದಲು ತೋರಿಸಿದ ಪುಟ್ಟ ಪುಟ್ಟ ಚಿತ್ರಗಳ ಸಾಲು. ಮೊದಲಿಗೆ ಚಿತ್ರೋದ್ಯಮದ ಮುಖಂಡ ವಿಲ್ ಹೇಸ್ ತೆರೆಯ ಮೇಲೆ ನಿಂತು ಭಾಷಣ ಮಾಡಿದರು. ಬಳಿಕ ಹೆನ್ರಿ ಹ್ಯಾಡ್ಲಿಯವರ ನಿರ್ದೇಶನದಲ್ಲಿ ನ್ಯೂಯಾರ್ಕ್ ಫಿಲ್‌ಹಾರ್ಮೋನಿಕ್ ವಾದ್ಯವೃಂದ ವಾಗ್ನರ್‌ನ ಒಂದು ಪ್ರಸ್ತಾವನಾ ಸಂಗೀತವನ್ನು ನುಡಿಸಿತು. ಮಿಷಾ ಎಲ್ಮನ್ ಪಿಟೀಲು ನುಡಿಸಿದರು. ಆಮೇಲೆ ಜೊವಾನಿ ಮಾರ್ಟಿನೆಲ್ಲಿ ಎಂಬ ಇಟಲಿಯ ಗಾಯಕ ವಿದೂಷಕನ ದೊಗಳೆ ಉಡುಪಿನಲ್ಲಿ ತೆರೆಯ ಮೇಲೆ ಬಂದು, ಹೆಂಡತಿ ಕೈಬಿಟ್ಟಳೆಂದು ತಿಳಿದ ಮೇಲೂ ಬಣ್ಣ ಬಳಿದುಕೊಂಡು ನಗಿಸಲೇಬೇಕಾದ ಒಬ್ಬ ನಟನ ಪ್ರಸಿದ್ಧ ಹಾಡನ್ನು ಹಾಡಿದ. ಮರುದಿನದ ಪತ್ರಿಕೆಗಳು ಹೆಚ್ಚು ಹೊಗಳಿದ್ದು ಆ ಕೆಲವೇ ನಿಮಿಷಗಳನ್ನು.

ನಾನು ಮಾತನಾಡಬೇಕೆಂದಿರುವುದು ಇಂಥ ಚಿತ್ರಗಳನ್ನು ಕುರಿತು. ಒಂದು ರೀಲು, ಹೆಚ್ಚೆಂದರೆ ಎರಡು ರೀಲು. ಅಷ್ಟರಲ್ಲಿ ಒಬ್ಬ ಗಾಯಕನೋ ಒಂದು ವಾದ್ಯಮೇಳವೋ ಬಂದು ಹಾಡಿ, ನುಡಿಸಿ, ತಲೆಬಾಗಿ ಹೋಗುವ ಚಿತ್ರಗಳು. ಸಿನಿಮಾದ ಚರಿತ್ರೆ ಬರೆಯುವವರು ಸಾಮಾನ್ಯವಾಗಿ ಇವುಗಳನ್ನು ಹೊಸ್ತಿಲ ಹಾಗೆ ದಾಟಿಕೊಂಡು 1927ರ ಅಕ್ಟೋಬರ್ 6ರಂದು ಬಿಡುಗಡೆಯಾದ, ಪಾತ್ರಗಳ ಮಾತು ಕೇಳಿಸಿದ ಮೊದಲ ಕಥಾಚಿತ್ರ ‘ದಿ ಜಾಝ್ ಸಿಂಗರ್’ನ ಅಂಗಳಕ್ಕೆ ಹೋಗಿಬಿಡುತ್ತಾರೆ. ಹೊಸ್ತಿಲ ಮೇಲೆ ಕೂರಬಾರದೆಂದು ಹಿರಿಯರು ಹೇಳುತ್ತಿದ್ದರು. ಈ ಒಂದು ಗಂಟೆ ಅಲ್ಲೇ ಕೂರೋಣ. ನನ್ನ ವಾದ ಇಷ್ಟು: ಈ ಕಿರುಚಿತ್ರಗಳಲ್ಲಿ ಕ್ಯಾಮೆರಾ ಹಾಡಿಗೆ ಪಕ್ಕವಾದ್ಯವಾಗಿ ಕೂತಿತ್ತು. ಹಾಡು ಎಷ್ಟು ಹೊತ್ತೋ ಚಿತ್ರವೂ ಅಷ್ಟು ಹೊತ್ತು, ಹಾಡು ಎಲ್ಲಿ ಉಸಿರು ತೆಗೆದುಕೊಂಡಿತೋ ಚಿತ್ರವೂ ಅಲ್ಲಿ ಉಸಿರು ತೆಗೆದುಕೊಂಡಿತು. ಮುಂದೆ ಕಥಾಚಿತ್ರಗಳು ಬೆಳೆದಂತೆ ಈ ಆಸನಗಳು ಅದಲುಬದಲಾದವು. ಕಥೆ ನಡುವೆ ಕೂತು, ಹಾಡು ಪಕ್ಕಕ್ಕೆ ಸರಿಯಿತು. ಆ ಕಾಲದ ಸಂಗೀತಗಾರರು ಹೇಗೆ ಕೂರುತ್ತಿದ್ದರು, ಹೇಗೆ ನಿಲ್ಲುತ್ತಿದ್ದರು, ಬೆರಳನ್ನು ಹೇಗೆ ಬಾಗಿಸುತ್ತಿದ್ದರು ಎಂಬುದನ್ನು ಇವತ್ತು ನಾವು ನೋಡಬಹುದಾಗಿದ್ದರೆ ಅದು ಬಹುಮಟ್ಟಿಗೆ ಈ ಹೊಸ್ತಿಲ ಚಿತ್ರಗಳಿಂದ.

ಚಿತ್ರಕ್ಕೆ ಹಾಡನ್ನು ಜೋಡಿಸುವ ಆಸೆ 1926ರಲ್ಲಿ ಹುಟ್ಟಿದ್ದಲ್ಲ. ಫ್ರಾನ್ಸಿನ ಗೋಮೋಂ ಕಂಪನಿ ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲೇ ಹಾಡಿನ ಚಿತ್ರಗಳನ್ನು ತಯಾರಿಸಿತ್ತು. ಅವುಗಳಲ್ಲಿ ಹಲವನ್ನು ನಿರ್ದೇಶಿಸಿದವರು ಆಲಿಸ್ ಗೀ ಎಂಬ ಮಹಿಳೆ. ಗಾಯಕರು ಮೊದಲು ಗ್ರಾಮೊಫೋನ್ ಕಹಳೆಯ ಮುಂದೆ ಹಾಡಿ, ಅನಂತರ ಆ ಹಾಡಿಗೆ ಕ್ಯಾಮೆರಾದ ಎದುರು ತುಟಿ ಆಡಿಸುತ್ತಿದ್ದರು. ನಮ್ಮ ಸಿನಿಮಾದ ಹಾಡುಗಳನ್ನು ಕಂಡು ಹೊರಗಿನವರು ನಗುವ ಆ ತುಟಿಚಲನೆಯ ವಿದ್ಯೆ ಸಿನಿಮಾದಷ್ಟೇ ಹಳೆಯದೆಂಬುದನ್ನು ಇಲ್ಲಿ ಸುಮ್ಮನೆ ಗುರುತು ಹಾಕಿಕೊಳ್ಳಿ, ಮುಂದೆ ಬೇಕಾಗುತ್ತದೆ. ಆ ಪ್ರಯೋಗಗಳು ನೆಲೆ ನಿಲ್ಲದಿರಲು ದೊಡ್ಡ ಕಾರಣವೆಂದರೆ ಸದ್ದಿನ ಬಲ ಸಾಲದೆ ಹೋದದ್ದು. ಒಂದು ಕಹಳೆಯಿಂದ ಹೊರಟ ಧ್ವನಿ ಸಾವಿರ ಜನ ಕೂತ ಸಭಾಂಗಣದ ಹಿಂದಿನ ಸಾಲಿಗೆ ತಲುಪಬೇಕಲ್ಲ. ಜರ್ಮನಿಯ ಮೂವರು ಸಂಶೋಧಕರು 1922ರಲ್ಲಿ ಬರ್ಲಿನ್ನಿನಲ್ಲಿ, ಲೀ ಡಿ ಫಾರೆಸ್ಟ್ 1923ರ ಏಪ್ರಿಲ್ 15ರಂದು ನ್ಯೂಯಾರ್ಕಿನ ರಿವೋಲಿ ಥಿಯೇಟರಿನಲ್ಲಿ, ಧ್ವನಿಯನ್ನು ಫಿಲ್ಮಿನ ಅಂಚಿನಲ್ಲೇ ಬೆಳಕಿನ ಗೆರೆಗಳಾಗಿ ಮುದ್ರಿಸಿ ಕೇಳಿಸಿದರು. ನೋಬಲ್ ಸಿಸಲ್ ಮತ್ತು ಯೂಬಿ ಬ್ಲೇಕ್ ಎಂಬ ಇಬ್ಬರು ಕಪ್ಪು ಸಂಗೀತಗಾರರು ಡಿ ಫಾರೆಸ್ಟ್‌ನ ಕ್ಯಾಮೆರಾದ ಮುಂದೆ 1923ರಲ್ಲೇ ಹಾಡಿದ್ದರು. ತಂತ್ರ ಒಳ್ಳೆಯದೇ ಆಗಿತ್ತು, ಆದರೆ ಅದರ ಹಿಂದೆ ದೊಡ್ಡ ಬಂಡವಾಳವಾಗಲಿ ದೊಡ್ಡ ಚಿತ್ರಮಂದಿರಗಳ ಜಾಲವಾಗಲಿ ನಿಲ್ಲಲಿಲ್ಲ.

ವಾರ್ನರ್ ಸಹೋದರರ ಹಿಂದೆ ವೆಸ್ಟರ್ನ್ ಎಲೆಕ್ಟ್ರಿಕ್ ಎಂಬ ದೂರವಾಣಿ ಉಪಕರಣಗಳ ಕಂಪನಿ ಇತ್ತು. ಅದರ ಬಳಿ ಮೈಕ್ರೊಫೋನೂ ಸದ್ದನ್ನು ದೊಡ್ಡದು ಮಾಡುವ ವಾಲ್ವಿನ ವರ್ಧಕವೂ ಧ್ವನಿವರ್ಧಕ ಕಹಳೆಗಳೂ ಸಿದ್ಧವಾಗಿದ್ದವು. ಈ ಏರ್ಪಾಟಿಗೆ ಇಟ್ಟ ಹೆಸರು ವೈಟಾಫೋನ್. ವಾರ್ನರ್ ಕಂಪನಿಗೆ ನಟರನ್ನು ಮಾತನಾಡಿಸುವ ಉತ್ಸಾಹ ಆಗ ಇರಲಿಲ್ಲವೆಂಬುದನ್ನು ಮರೆಯಬಾರದು. ಆಗಿನ ಕಾಲಕ್ಕೆ ದೊಡ್ಡ ನಗರದ ಚಿತ್ರಮಂದಿರವೆಂದರೆ ತೆರೆಯ ಮುಂದೆ ಹಳ್ಳದಲ್ಲಿ ಕೂತ ವಾದ್ಯವೃಂದ, ಚಿತ್ರಕ್ಕೆ ಮೊದಲು ವೇದಿಕೆಯ ಮೇಲೆ ಹಾಡು, ಕುಣಿತ, ಹಾಸ್ಯ. ಸಣ್ಣ ಊರಿನ ಮಂದಿರಕ್ಕೆ ಇದೆಲ್ಲ ಎಲ್ಲಿಂದ ಬರಬೇಕು? ಅಲ್ಲಿ ಒಂದು ಪಿಯಾನೊ ಮತ್ತು ಅದನ್ನು ನುಡಿಸುವ ಒಬ್ಬ ವ್ಯಕ್ತಿ ಇದ್ದರೆ ಹೆಚ್ಚು. ನ್ಯೂಯಾರ್ಕಿನ ಒಪೆರಾ ಗಾಯಕನನ್ನೂ ಫಿಲ್‌ಹಾರ್ಮೋನಿಕ್ ವೃಂದವನ್ನೂ ಡಬ್ಬಿಯಲ್ಲಿ ತುಂಬಿ ಅಂಥ ಊರಿಗೆ ಕಳುಹಿಸಬಹುದೆಂಬುದು ವ್ಯಾಪಾರದ ಲೆಕ್ಕಾಚಾರ. ಡಬ್ಬಿಯ ಮಾತು ನನ್ನದಲ್ಲ. ಚಿತ್ರಮಂದಿರಗಳ ವಾದ್ಯಗಾರರು ಸಾಲುಸಾಲಾಗಿ ಕೆಲಸ ಕಳೆದುಕೊಳ್ಳತೊಡಗಿದಾಗ, ಅಮೆರಿಕದ ಸಂಗೀತಗಾರರ ಒಕ್ಕೂಟ ಈ ಹೊಸ ಸರಕನ್ನು ‘ಡಬ್ಬಿ ಸಂಗೀತ’ವೆಂದು ಹಳಿದು ಪತ್ರಿಕೆಗಳಲ್ಲಿ ಜಾಹೀರಾತು ಕೊಟ್ಟಿತು, ಕೆಲವು ಜಾಹೀರಾತುಗಳಲ್ಲಿ ಒಂದು ಕಬ್ಬಿಣದ ಯಂತ್ರಮಾನವ ವಾದ್ಯ ಹಿಡಿದು ನಿಂತಿರುವ ಚಿತ್ರವಿರುತ್ತಿತ್ತು. ಕ್ಯಾಮೆರಾ ಹಾಡಿಗೆ ವಿನಯದಿಂದ ಪಕ್ಕವಾದ್ಯ ನುಡಿಸಿತೆಂದು ನಾನು ಈಗಷ್ಟೇ ಹೊಗಳಿದೆ. ಅದೇ ಹೊತ್ತಿಗೆ ಅದು ಸಾವಿರಾರು ನಿಜವಾದ ಪಕ್ಕವಾದ್ಯದವರ ಅನ್ನವನ್ನು ಕಸಿಯಿತೆಂಬುದೂ ಈ ಕಥೆಯೊಳಗಿನದೇ.

ಈಗ ಯಂತ್ರದ ಹತ್ತಿರ ಹೋಗೋಣ. ವೈಟಾಫೋನ್‌ನಲ್ಲಿ ಧ್ವನಿ ಫಿಲ್ಮಿನ ಮೇಲೆ ಇರುತ್ತಿರಲಿಲ್ಲ. ಹದಿನಾರು ಅಂಗುಲ ಅಗಲದ ಗ್ರಾಮೊಫೋನ್ ಪ್ಲೇಟಿನ ಮೇಲೆ ಇರುತ್ತಿತ್ತು. ನಮ್ಮ ಅಜ್ಜಂದಿರ ಮನೆಯ ಪ್ಲೇಟು ಹತ್ತು ಅಥವಾ ಹನ್ನೆರಡು ಅಂಗುಲದ್ದು, ನಿಮಿಷಕ್ಕೆ 78 ಸುತ್ತು ತಿರುಗುತ್ತಿತ್ತು. ಇದು 33⅓ ಸುತ್ತು ತಿರುಗುತ್ತಿತ್ತು, ಮುಳ್ಳು ಒಳಗಿನಿಂದ ಹೊರಕ್ಕೆ ಸಾಗುತ್ತಿತ್ತು. ಸಾವಿರ ಅಡಿಯ ಒಂದು ರೀಲು, ನಿಮಿಷಕ್ಕೆ 90 ಅಡಿಯ ವೇಗದಲ್ಲಿ, ಸುಮಾರು ಹನ್ನೊಂದು ನಿಮಿಷ ಓಡುತ್ತದೆ. ಆ ಹನ್ನೊಂದು ನಿಮಿಷ ಒಂದು ಪ್ಲೇಟಿನಲ್ಲಿ ಹಿಡಿಸಬೇಕೆಂದೇ ಈ ಗಾತ್ರ, ಈ ನಿಧಾನ. ಪ್ರೊಜೆಕ್ಟರ್ ಮತ್ತು ಪ್ಲೇಟು ತಿರುಗಿಸುವ ಮೇಜು ಎರಡೂ ಒಂದೇ ಮೋಟಾರಿಗೆ ಜೋಡಣೆಯಾಗಿರುತ್ತಿದ್ದವು. ಆಪರೇಟರ್ ಫಿಲ್ಮಿನ ಮೊದಲ ಗುರುತಿನ ಚೌಕವನ್ನು (ಫ್ರೇಮನ್ನು) ಪ್ರೊಜೆಕ್ಟರಿನ ಕಿಂಡಿಗೆ ಸರಿಯಾಗಿ ನಿಲ್ಲಿಸಿ, ಪ್ಲೇಟಿನ ಮೇಲಿನ ಬಾಣದ ಗುರುತಿಗೆ ಮುಳ್ಳನ್ನು ಇಟ್ಟು, ಆಮೇಲೆ ಗುಂಡಿ ಒತ್ತಬೇಕು. ಪ್ಲೇಟಿನ ಚೀಟಿಯಲ್ಲಿ ಸಣ್ಣ ಸಣ್ಣ ಚೌಕಗಳಿರುತ್ತಿದ್ದವು. ಒಂದೊಂದು ಸಲ ನುಡಿಸಿದಾಗಲೂ ಒಂದು ಚೌಕಕ್ಕೆ ಗುರುತು ಹಾಕಬೇಕು; ಸುಮಾರು ಇಪ್ಪತ್ತು ಗುರುತು ತುಂಬಿತೆಂದರೆ ಆ ಪ್ಲೇಟು ಸವೆದಿದೆಯೆಂದು ಅರ್ಥ.

ಫಿಲ್ಮು ತುಂಡಾದರೆ ಏನು ಗತಿ? ನಾನು ಚಿಕ್ಕವನಿದ್ದಾಗ ನಮ್ಮೂರಿನ ಟೆಂಟಿನಲ್ಲಿ ವಾರಕ್ಕೆ ಎರಡು ಸಲವಾದರೂ ರೀಲು ತುಂಡಾಗುತ್ತಿತ್ತು. ಜನ ಸಿಳ್ಳೆ ಹೊಡೆಯುತ್ತಿದ್ದಂತೆ ಆಪರೇಟರ್ ತುದಿಗಳನ್ನು ಕೆರೆದು, ಅಂಟು ಹಚ್ಚಿ, ಎರಡು ಬೆರಳಿನ ನಡುವೆ ಒತ್ತಿ ಹಿಡಿದು, ಮತ್ತೆ ಓಡಿಸುತ್ತಿದ್ದ. ನಾಲ್ಕಾರು ಚೌಕಗಳು ಕಳೆದುಹೋದರೆ ನಾಯಕ ಒಂದು ಹೆಜ್ಜೆ ಹಾರಿದಂತೆ ಕಾಣಿಸುತ್ತಿತ್ತು, ಅದನ್ನು ಯಾರೂ ಲೆಕ್ಕಕ್ಕೆ ಇಡುತ್ತಿರಲಿಲ್ಲ. ವೈಟಾಫೋನ್ ಆಪರೇಟರನಿಗೆ ಆ ಸ್ವಾತಂತ್ರ್ಯವಿಲ್ಲ. ಫಿಲ್ಮಿನಲ್ಲಿ ಎಷ್ಟು ಚೌಕ ಕಳೆಯಿತೋ ಅಷ್ಟೇ ಚೌಕ ಖಾಲಿ ಕಪ್ಪು ಫಿಲ್ಮನ್ನು ಎಣಿಸಿ ಸೇರಿಸಬೇಕು. ಇಲ್ಲವಾದರೆ ಅಲ್ಲಿಂದ ಮುಂದೆ ಗಾಯಕ ಬಾಯಿ ಮುಚ್ಚಿದ ಮೇಲೂ ಹಾಡು ಬರುತ್ತಿರುತ್ತದೆ. ಮುಳ್ಳು ಒಂದು ಗೆರೆಯಿಂದ ಇನ್ನೊಂದಕ್ಕೆ ಜಿಗಿದರಂತೂ ದೇವರೇ ಗತಿ.

ಇನ್ನು ಚಿತ್ರೀಕರಣದ ಕಡೆಗೆ. ಮೇಣದ ತಟ್ಟೆಯ ಮೇಲೆ ಧ್ವನಿಯನ್ನು ನೇರವಾಗಿ ಕೊರೆಯುತ್ತಿದ್ದರು. ಅದನ್ನು ಅಳಿಸುವಂತಿಲ್ಲ, ಕತ್ತರಿಸಿ ಜೋಡಿಸುವಂತಿಲ್ಲ. ಎಂಟನೆಯ ನಿಮಿಷದಲ್ಲಿ ತಾಳ ತಪ್ಪಿದರೆ ಮೊದಲಿನಿಂದ ಮತ್ತೆ. ಕ್ಯಾಮೆರಾದ ಗರಗರ ಸದ್ದು ಮೈಕಿಗೆ ಕೇಳಬಾರದೆಂದು ಅದನ್ನು ಕ್ಯಾಮೆರಾಮನ್ ಸಮೇತ ಗಾಜಿನ ಕಿಟಕಿಯುಳ್ಳ ಪೆಟ್ಟಿಗೆಯಂಥ ಕೋಣೆಯಲ್ಲಿ ಕೂಡಿಹಾಕುತ್ತಿದ್ದರು. ಒಳಗಿನ ಸೆಕೆಗೆ ಆತ ಬೆವರಿ ಹೊರಬರುತ್ತಿದ್ದ. ಒಂದಕ್ಕಿಂತ ಹೆಚ್ಚು ಕ್ಯಾಮೆರಾಗಳು ಒಟ್ಟಿಗೆ ಓಡುತ್ತಿದ್ದವು, ಒಂದು ದೂರದಿಂದ, ಒಂದು ಹತ್ತಿರದಿಂದ. ಸಂಕಲನಕಾರ ಆಮೇಲೆ ದೂರದ ನೋಟದಿಂದ ಹತ್ತಿರದ ನೋಟಕ್ಕೆ ಹೋಗಬಹುದು, ಆದರೆ ಒಟ್ಟು ಉದ್ದದಲ್ಲಿ ಒಂದು ಚೌಕವೂ ಹೆಚ್ಚು ಕಡಿಮೆಯಾಗುವಂತಿಲ್ಲ, ಏಕೆಂದರೆ ಪ್ಲೇಟಿನ ಮೇಲಿನ ಸಂಗೀತ ಅದಾಗಲೇ ಕೊರೆದಾಗಿದೆ. ಈ ನಿರ್ಬಂಧವನ್ನು ಸಿನಿಮಾ ಪಂಡಿತರು ಹಿನ್ನಡೆಯೆಂದು ಬರೆದಿದ್ದಾರೆ: ಮೂಕಿ ಚಿತ್ರದ ಕೊನೆಯ ವರ್ಷಗಳಲ್ಲಿ ಹಕ್ಕಿಯಂತೆ ಹಾರುತ್ತಿದ್ದ ಕ್ಯಾಮೆರಾದ ರೆಕ್ಕೆಯನ್ನು ಧ್ವನಿ ಕತ್ತರಿಸಿತೆಂದು. ಕಥಾಚಿತ್ರದ ದೃಷ್ಟಿಯಿಂದ ಅದು ಸರಿಯೇ. ಆದರೆ ಸಂಗೀತ ಕೇಳುವವನ ದೃಷ್ಟಿಯಿಂದ ನೋಡಿ. ನಿರ್ದೇಶಕನಿಗೆ ಹಾಡನ್ನು ಕತ್ತರಿಸುವ ಅಧಿಕಾರವೇ ಇಲ್ಲದ ಸಿನಿಮಾ ಅದಕ್ಕಿಂತ ಮೊದಲಾಗಲಿ ಅನಂತರವಾಗಲಿ ಎಷ್ಟು ಇದ್ದೀತು?

ಶಬ್ದದ ವಿಚಾರ ಬಂದದ್ದರಿಂದ ಒಂದು ಸಣ್ಣ ಸ್ವಾರಸ್ಯ. ವಾರ್ನರ್ ಕಂಪನಿ ಆ ಮೊದಲ ಕಂತಿನ ಚಿತ್ರಗಳಿಗಾಗಿ ನ್ಯೂಯಾರ್ಕಿನ ಮ್ಯಾನ್‌ಹ್ಯಾಟನ್ ಒಪೆರಾ ಹೌಸನ್ನು ಬಾಡಿಗೆಗೆ ಪಡೆದಿತ್ತು. ಹತ್ತಿರದಲ್ಲೇ ಸುರಂಗ ರೈಲಿನ ಕಾಮಗಾರಿ ನಡೆದು ಬಂಡೆ ಸಿಡಿಸುತ್ತಿದ್ದರು. ಆ ಅದುರು ಮೇಣದ ತಟ್ಟೆಯವರೆಗೆ ಬರುತ್ತಿತ್ತು. ಐದು ವರ್ಷದ ಬಳಿಕ ಮುಂಬಯಿಯಲ್ಲಿ ಅರ್ದೇಶಿರ್ ಇರಾನಿ ಭಾರತದ ಮೊದಲ ಟಾಕಿ ‘ಆಲಂ ಆರಾ’ವನ್ನು ಚಿತ್ರೀಕರಿಸುವಾಗ ಸ್ಟುಡಿಯೋ ಪಕ್ಕದ ರೈಲುಗಳ ಸದ್ದಿನಿಂದಾಗಿ ನಡುರಾತ್ರಿ ಕಳೆದ ಮೇಲೆ ಕೆಲಸ ಮಾಡಬೇಕಾಯಿತು. ಎರಡು ಖಂಡಗಳಲ್ಲೂ ಟಾಕಿಯ ಮೊದಲ ವೈರಿ ರೈಲೇ ಆಯಿತು ನೋಡಿ.

ಆಗಸ್ಟ್ 6ರ ಕಾರ್ಯಕ್ರಮಕ್ಕೆ ಮರಳುತ್ತೇನೆ, ಏಕೆಂದರೆ ಅದರಲ್ಲಿ ನನಗೆ ಅತಿ ಇಷ್ಟವಾದ ಚಿತ್ರದ ಹೆಸರನ್ನು ಇನ್ನೂ ಹೇಳಿಲ್ಲ. ಅದರಲ್ಲಿ ಇರುವವನು ಒಪೆರಾ ತಾರೆಯಲ್ಲ, ಜನಮನರಂಜನೆಯ ವೇದಿಕೆಗಳಲ್ಲಿ ತಂತಿವಾದ್ಯ ನುಡಿಸುತ್ತಿದ್ದ ರಾಯ್ ಸ್ಮೆಕ್ ಎಂಬ ಯುವಕ. ಹಿಂದೆ ಒಂದು ಪರದೆ, ಆತ ಕೂತ ಆಸನ, ಇಷ್ಟೇ ರಂಗಸಜ್ಜಿಕೆ. ಹವಾಯಿ ಗಿಟಾರನ್ನು ತೊಡೆಯ ಮೇಲೆ ಮಲಗಿಸಿಕೊಂಡು ಉಕ್ಕಿನ ತುಂಡನ್ನು ತಂತಿಯ ಮೇಲೆ ಜಾರಿಸುತ್ತಾನೆ, ಅದನ್ನಿಟ್ಟು ಉಕುಲೇಲೆ ಎತ್ತಿಕೊಳ್ಳುತ್ತಾನೆ, ಬ್ಯಾಂಜೊ ನುಡಿಸುತ್ತಾನೆ, ಮೌತ್ ಆರ್ಗನ್ನನ್ನೂ ಬಿಡುವುದಿಲ್ಲ. ಬಲಗೈ ಬೆರಳುಗಳು ತಂತಿಯ ಮೇಲೆ ಮಸುಕಾಗುವಷ್ಟು ವೇಗದಲ್ಲಿ ಆಡುವಾಗ ಆತನ ಮುಖದಲ್ಲಿ ಶ್ರಮದ ಸುಳಿವೇ ಇಲ್ಲ. ಗ್ರಾಮೊಫೋನ್ ಪ್ಲೇಟಿನಲ್ಲಿ ಇಂಥ ನುಡಿಸಾಣಿಕೆಯನ್ನು ಕೇಳಿದವನು ‘ಇದು ಹೇಗೆ ಸಾಧ್ಯ’ ಎಂದುಕೊಳ್ಳುತ್ತಿದ್ದ. ಈಗ ಆ ಪ್ರಶ್ನೆಗೆ ಉತ್ತರ ಕಣ್ಣೆದುರು ನಿಂತಿತು. ಒಪೆರಾ ಗಾಯಕಿ ಮೇರಿಯನ್ ಟ್ಯಾಲಿಗೆ ಅದೇ ಸಂಜೆ ಇದಕ್ಕೆ ತಿರುಗುಮುರುಗಾದ ಅನುಭವವಾಯಿತು. ಮೆಟ್ರೊಪಾಲಿಟನ್ ಒಪೆರಾದಲ್ಲಿ ಅದೇ ವರ್ಷ ಹತ್ತೊಂಬತ್ತರ ಪ್ರಾಯದಲ್ಲಿ ರಂಗವೇರಿ ಹೆಸರಾಗಿದ್ದ ಆಕೆಯ ಮುಖವನ್ನು ಕ್ಯಾಮೆರಾ ಬಹಳ ಹತ್ತಿರದಿಂದ ಹಿಡಿಯಿತು, ದೊಡ್ಡ ಸ್ವರಕ್ಕೆ ಅಗಲವಾಗಿ ತೆರೆದ ಬಾಯಿ ಇಡೀ ತೆರೆಯನ್ನು ಆವರಿಸಿತು. ವಿಮರ್ಶಕರು ದೂರದಿಂದ ತೋರಿಸಬಾರದಿತ್ತೇ ಎಂದು ಕೇಳಿದರು. ಹಾಡುಗಾರರನ್ನು ಎಷ್ಟು ಹತ್ತಿರದಿಂದ ನೋಡಬಹುದು ಎಂಬ ಪ್ರಶ್ನೆ ರಂಗಮಂದಿರದಲ್ಲಿ ಇರಲಿಲ್ಲ, ಟಿಕೆಟ್ಟಿನ ದರ ಅದನ್ನು ನಿರ್ಧರಿಸುತ್ತಿತ್ತು. ಪಕ್ಕವಾದ್ಯದವನಿಗೆ ಔಚಿತ್ಯ ಬೇಕೆನ್ನುತ್ತೇವಲ್ಲ, ಎಲ್ಲಿ ಎತ್ತಬೇಕು, ಎಲ್ಲಿ ತಗ್ಗಬೇಕು ಎಂದು. ಕ್ಯಾಮೆರಾ ಆ ಔಚಿತ್ಯವನ್ನು ಇಂಥ ಎಡವಟ್ಟುಗಳಿಂದಲೇ ಕಲಿಯಿತು.

ಇನ್ನೊಂದು ಸಂಗತಿಯನ್ನು ನೀವು ಗಮನಿಸಬೇಕು. ಈ ಚಿತ್ರಗಳ ಕೊನೆಯಲ್ಲಿ ಕಲಾವಿದರು ನೇರವಾಗಿ ಕ್ಯಾಮೆರಾದ ಕಡೆಗೆ ತಿರುಗಿ ತಲೆಬಾಗುತ್ತಾರೆ. ಚಿತ್ರೀಕರಣದ ಕೋಣೆಯಲ್ಲಿ ಚಪ್ಪಾಳೆ ತಟ್ಟುವವರು ಯಾರೂ ಇಲ್ಲ. ಮುಂದೆಂದೋ ಯಾವುದೋ ಊರಿನಲ್ಲಿ ಕೂರಲಿರುವ ಜನ ತಟ್ಟಬಹುದಾದ ಚಪ್ಪಾಳೆಗೆ ಸಮಯ ಬಿಟ್ಟು, ಅದನ್ನು ಸ್ವೀಕರಿಸಿದಂತೆ ಅವರು ನಗುತ್ತಾರೆ. 1926ರ ಅಕ್ಟೋಬರಿನಲ್ಲಿ ತೆರೆಕಂಡ ‘ಎ ಪ್ಲಾಂಟೇಶನ್ ಆಕ್ಟ್’ ಎಂಬ ಕಿರುಚಿತ್ರದಲ್ಲಿ ಆಲ್ ಜೋಲ್ಸನ್ ಮೂರು ಹಾಡು ಹಾಡಿ ಮುಗಿಸಿದ ಮೇಲೆ ಮತ್ತೆ ಬಂದು ನಮಸ್ಕರಿಸುತ್ತಾನೆ. ಆತ ಮುಖಕ್ಕೆ ಮಸಿ ಬಳಿದುಕೊಂಡು ಕಪ್ಪು ಕೂಲಿಯಾಳಿನ ವೇಷದಲ್ಲಿ ಹಾಡುವುದು ಇಂದು ನೋಡಲು ಮುಜುಗರವೇ. ಆ ಕಾಲದ ಬಿಳಿಯರ ರಂಜನೆಯಲ್ಲಿ ಅದು ದಿನನಿತ್ಯದ ಮಾತಾಗಿತ್ತು. ಕಂಪನಿ ನಾಟಕಗಳನ್ನು ನೋಡಿದ ಹಿರಿಯರಿಗೆ ‘ಒನ್ಸ್ ಮೋರ್’ ಕೂಗಿನ ನೆನಪಿದ್ದೀತು. ಸಾಯುವ ಪಾತ್ರ ಎದ್ದು ನಿಂತು ಇನ್ನೊಮ್ಮೆ ಹಾಡಿ, ಮತ್ತೆ ಮಲಗಿ ಸಾಯುತ್ತಿದ್ದ ರಂಗಭೂಮಿ ನಮ್ಮದು. ಡಬ್ಬಿಯಲ್ಲಿ ಬಂದ ಗಾಯಕನಿಗೆ ಆ ಕೂಗು ಕೇಳುವುದಿಲ್ಲ.

ಎರಡು ಮೂರು ವರ್ಷಗಳಲ್ಲಿ ನೂರಾರು ಇಂಥ ಚಿತ್ರಗಳು ತಯಾರಾದವು. ಒಪೆರಾ ಹಿಂದಕ್ಕೆ ಸರಿದು ಜಾಝ್ ಮೇಳಗಳು, ಅಕ್ಕತಂಗಿಯರ ಹಾಡುಗಾರಿಕೆ, ಹಾಸ್ಯ ಜೋಡಿಗಳು ಮುಂದೆ ಬಂದವು. ಅವುಗಳಲ್ಲಿ ಬಹುಪಾಲು ಸಾಧಾರಣವೆಂದು ಒಪ್ಪಿಕೊಳ್ಳೋಣ. ಆದರೆ 1929ರಲ್ಲಿ ಡಡ್ಲಿ ಮರ್ಫಿ ಎಂಬ ನಿರ್ದೇಶಕ ಮಾಡಿದ ಎರಡು ಚಿತ್ರಗಳ ಮುಂದೆ ನಾನು ಸ್ವಲ್ಪ ಹೆಚ್ಚು ಹೊತ್ತು ನಿಲ್ಲುತ್ತೇನೆ. ಈತ ಮೂಕಿ ಕಾಲದಲ್ಲಿ ಚಿತ್ರಕಾರ ಫೆರ್ನಾಂ ಲೆಜೆಯೊಂದಿಗೆ ಪ್ಯಾರಿಸ್ಸಿನಲ್ಲಿ ಪ್ರಯೋಗಚಿತ್ರ ಮಾಡಿದ್ದವನು. ಧ್ವನಿ ಈಗ ಪ್ಲೇಟಿನಿಂದ ಫಿಲ್ಮಿನ ಅಂಚಿಗೆ ಬಂದಿತ್ತು, ಆದ್ದರಿಂದ ಕೈ ಸ್ವಲ್ಪ ಸಡಿಲಾಗಿತ್ತು.

ಮೊದಲನೆಯದು ‘ಸೇಂಟ್ ಲೂಯಿ ಬ್ಲೂಸ್’. ಡಬ್ಲ್ಯೂ. ಸಿ. ಹ್ಯಾಂಡಿ 1914ರಲ್ಲಿ ಪ್ರಕಟಿಸಿದ ಹಾಡು. ಹಾಡಿದವಳು ಬೆಸ್ಸಿ ಸ್ಮಿತ್, ಬ್ಲೂಸ್ ಗಾಯನದ ಮಹಾರಾಣಿ. 1925ರಲ್ಲಿ ಲೂಯಿ ಆರ್ಮ್‌ಸ್ಟ್ರಾಂಗ್‌ನ ಕಾರ್ನೆಟ್ ಜೊತೆಗೆ ಇದೇ ಹಾಡನ್ನು ಆಕೆ ಪ್ಲೇಟಿಗೆ ಹಾಡಿದ್ದು ಮೂರು ನಿಮಿಷದಷ್ಟು. ಚಿತ್ರ ಸುಮಾರು ಹದಿನೈದು ನಿಮಿಷದ್ದು, ಕಥೆ ಒಂದು ಎಳೆಯಷ್ಟೆ: ಆಕೆಯ ದುಡ್ಡಿನಲ್ಲಿ ಮೆರೆಯುವ ಪ್ರಿಯಕರ ಇನ್ನೊಬ್ಬಳೊಂದಿಗೆ ಸಿಕ್ಕಿಬೀಳುತ್ತಾನೆ, ಬೆಸ್ಸಿಯನ್ನು ನೆಲಕ್ಕೆ ಕೆಡವಿ ನಗುತ್ತ ಹೋಗುತ್ತಾನೆ. ಆಕೆ ನೆಲದ ಮೇಲೆ ಕೂತಲ್ಲಿಂದಲೇ ಹಾಡಿನ ಒಂದು ಸಾಲನ್ನು ಎತ್ತಿಕೊಳ್ಳುತ್ತಾಳೆ, ಯಾವ ವಾದ್ಯದ ಆಸರೆಯೂ ಇಲ್ಲದೆ. ಅದೇ ಸಾಲು ಮುಂದುವರಿಯುತ್ತಿದ್ದಂತೆ ದೃಶ್ಯ ಬದಲಾಗಿ, ಆಕೆ ಮದ್ಯದಂಗಡಿಯ ಕಟ್ಟೆಗೆ ಒರಗಿ ನಿಂತಿದ್ದಾಳೆ, ಕೈಯ ಹತ್ತಿರ ಬಿಯರಿನ ಲೋಟ. ಮತ್ತೆ ಅದೇ ಸಾಲು. ನಮ್ಮ ಗಾಯಕರು ಪಲ್ಲವಿಯ ಒಂದು ಸಾಲನ್ನು ಹಿಡಿದು ಸಂಗತಿ ಹಾಕುತ್ತ, ಒಂದೊಂದು ಸಲವೂ ಬೇರೆ ಜಾಗದಲ್ಲಿ ಭಾರ ಇಡುತ್ತಾರಲ್ಲ, ಅದರ ನೆನಪಾಗುತ್ತದೆ. ಆಕೆ ಯಾರನ್ನೂ ನೋಡುವುದಿಲ್ಲ, ಕ್ಯಾಮೆರಾವನ್ನಂತೂ ಇಲ್ಲವೇ ಇಲ್ಲ. ನಿಧಾನವಾಗಿ ಅಂಗಡಿಯಲ್ಲಿ ಕೂತಿದ್ದ ಗಿರಾಕಿಗಳು ತಮ್ಮ ತಮ್ಮ ಮೇಜುಗಳಿಂದ ಹಾಡಿಗೆ ದನಿಗೂಡಿಸುತ್ತಾರೆ. ಅವರು ನಿಜಕ್ಕೂ ಹಾಲ್ ಜಾನ್ಸನ್ ಅವರ ಗಾಯನವೃಂದದವರು. ಒಬ್ಬಳ ಅಳಲು ಇಡೀ ಮನೆಯ ಅಳಲಾಗುವುದು ಮಾತಿನ ಸಹಾಯವಿಲ್ಲದೆ ಆಗುತ್ತದೆ. ಪ್ರಿಯಕರ ಮತ್ತೆ ಬರುತ್ತಾನೆ, ಅವಳೊಂದಿಗೆ ಕುಣಿಯುತ್ತಾನೆ, ಕುಣಿಯುತ್ತಲೇ ಅವಳ ಕಾಲುಚೀಲದಲ್ಲಿ ಮಡಿಸಿಟ್ಟ ನೋಟುಗಳನ್ನು ಎಗರಿಸಿ ಹೊರಟುಹೋಗುತ್ತಾನೆ. ಆಕೆ ಮತ್ತೆ ಅದೇ ಹಾಡಿಗೆ ಮರಳುತ್ತಾಳೆ.

ಬೆಸ್ಸಿ ಸ್ಮಿತ್ 1937ರಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡಳು. ಆಕೆ ಚಲಿಸುವುದನ್ನು ನಾವು ನೋಡಬಹುದಾದ ಚಿತ್ರ ಇದೊಂದೇ. ಇದರ ಮೇಲೆ ಆಕ್ಷೇಪಣೆಗಳೂ ಇವೆ, ನ್ಯಾಯವಾದವು: ಕಪ್ಪು ಜನರೆಂದರೆ ಜೂಜು, ಹೊಡೆದಾಟ, ಕುಡಿತ ಎಂಬ ಬಿಳಿಯರ ಅಚ್ಚನ್ನು ಚಿತ್ರಕಥೆ ಪ್ರಶ್ನಿಸದೆ ಬಳಸಿಕೊಳ್ಳುತ್ತದೆ. ನನಗೆ ಅನ್ನಿಸುವುದೆಂದರೆ, ಬೆಸ್ಸಿ ಬಾಯಿ ತೆರೆದ ಕೂಡಲೆ ಆ ಚಿತ್ರಕಥೆ ಆಕೆಯ ಮುಂದೆ ತೀರ ಚಿಕ್ಕದಾಗುತ್ತದೆ. ಬರೆದವರು ಕೊಟ್ಟ ಪಾತ್ರ ಒಂದು, ಆಕೆ ಹಾಡಿದ ಹೆಣ್ಣು ಇನ್ನೊಂದು.

ಎರಡನೆಯದು ‘ಬ್ಲ್ಯಾಕ್ ಅಂಡ್ ಟ್ಯಾನ್’, ಡ್ಯೂಕ್ ಎಲಿಂಗ್ಟನ್ ಮತ್ತು ಆತನ ಮೇಳದವರದು. ದುಡ್ಡು ಕಟ್ಟದ ಪಿಯಾನೊವನ್ನು ಎತ್ತಿಕೊಂಡು ಹೋಗಲು ಬರುವ ಇಬ್ಬರ ಹಾಸ್ಯದಿಂದ ಆರಂಭ; ಅದನ್ನು ಸಹಿಸಿಕೊಳ್ಳಬೇಕು. ನರ್ತಕಿಯಾಗಿ ಫ್ರೆಡಿ ವಾಷಿಂಗ್ಟನ್ ನಟಿಸಿದ್ದಾಳೆ. ಹೃದಯದ ಕಾಯಿಲೆಯಿದ್ದರೂ ಮೇಳಕ್ಕೆ ಕೆಲಸ ಸಿಗಲೆಂದು ಆಕೆ ಕುಣಿಯಲು ಒಪ್ಪುತ್ತಾಳೆ. ಕ್ಲಬ್ಬಿನ ನೆಲ ಕನ್ನಡಿಯಂತೆ ಹೊಳೆಯುತ್ತದೆ, ನರ್ತಕರು ತಮ್ಮದೇ ತಲೆಕೆಳಗಾದ ಬಿಂಬಗಳ ಮೇಲೆ ಕುಣಿಯುತ್ತಾರೆ. ಆಕೆಗೆ ತಲೆಸುತ್ತು ಬರುತ್ತಿದ್ದಂತೆ ಒಂದೇ ನೋಟ ಹರಳಿನ ಮೂಲಕ ಕಂಡಂತೆ ಹತ್ತಾರು ಹೋಳಾಗಿ ಗಿರಕಿ ಹೊಡೆಯುತ್ತದೆ. ಇಲ್ಲಿ ಪಕ್ಕವಾದ್ಯಕ್ಕೆ ತನಿ ಆವರ್ತನ ಸಿಕ್ಕಿತು ಎನ್ನಬಹುದು. ಕೊನೆಗೆ ಆಕೆ ಮಂಚದ ಮೇಲೆ ಸಾಯುತ್ತಿರುವಾಗ ಮೇಳದವರು ಆಕೆ ಕೇಳಿದ ಸಂಗೀತವನ್ನು ನುಡಿಸುತ್ತಾರೆ, ಗೋಡೆಯ ಮೇಲೆ ಅವರ ಕರಿ ನೆರಳುಗಳು ದೊಡ್ಡದಾಗಿ ಬೀಳುತ್ತವೆ. 1935ರಲ್ಲಿ ಎಲಿಂಗ್ಟನ್ ಇನ್ನೊಂದು ಕಿರುಚಿತ್ರದಲ್ಲಿ ಕಾಣಿಸಿಕೊಂಡ, ‘ಸಿಂಫನಿ ಇನ್ ಬ್ಲ್ಯಾಕ್’; ಅದರಲ್ಲಿ ಇನ್ನೂ ಹೆಸರಾಗದ ಬಿಲ್ಲಿ ಹಾಲಿಡೇ ಸ್ವಲ್ಪ ಹೊತ್ತು ಹಾಡುತ್ತಾಳೆ.

ಮನುಷ್ಯರೇ ಇಲ್ಲದ ಸಂಗೀತ ಕಿರುಚಿತ್ರಗಳ ಬಗ್ಗೆಯೂ ಒಂದೆರಡು ಮಾತು. ಫ್ಲೈಶರ್ ಸಹೋದರರು 1924ರಿಂದಲೇ ತೆರೆಯ ಮೇಲೆ ಹಾಡಿನ ಸಾಹಿತ್ಯ ಬರೆದು, ಅದರ ಅಕ್ಷರಗಳ ಮೇಲೆ ಒಂದು ಬಿಳಿ ಚೆಂಡನ್ನು ತಾಳಕ್ಕೆ ಸರಿಯಾಗಿ ಪುಟಿಸಿ, ಪ್ರೇಕ್ಷಕರೆಲ್ಲ ಒಟ್ಟಿಗೆ ಹಾಡುವಂತೆ ಮಾಡಿದರು. ಭಜನೆ ಮನೆಯಲ್ಲಿ ಒಬ್ಬರು ಹೇಳಿಕೊಟ್ಟಂತೆ ಉಳಿದವರು ಹೇಳುತ್ತಾರಲ್ಲ, ಆ ಹೇಳಿಕೊಡುವವರ ಕೆಲಸವನ್ನು ಚೆಂಡು ಮಾಡಿತು. 1929ರಲ್ಲಿ ಡಿಸ್ನಿ ಮತ್ತು ಸಂಗೀತಗಾರ ಕಾರ್ಲ್ ಸ್ಟಾಲಿಂಗ್ ನಡುವೆ, ಚಲನೆಗೆ ಸಂಗೀತ ಹೊಂದಬೇಕೋ ಸಂಗೀತಕ್ಕೆ ಚಲನೆ ಹೊಂದಬೇಕೋ ಎಂಬ ಚರ್ಚೆ ನಡೆಯಿತು. ಸ್ಟಾಲಿಂಗ್‌ನ ಪಕ್ಷಕ್ಕೂ ಒಂದು ಸರಣಿ ಇರಲಿ ಎಂದು ಹುಟ್ಟಿದ್ದೇ ಅಸ್ಥಿಪಂಜರಗಳು ಸ್ಮಶಾನದಲ್ಲಿ ಕುಣಿಯುವ ‘ದಿ ಸ್ಕೆಲಿಟನ್ ಡ್ಯಾನ್ಸ್’. ಒಂದು ಅಸ್ಥಿಪಂಜರ ಇನ್ನೊಂದರ ಬೆನ್ನುಮೂಳೆಯನ್ನು ವಾದ್ಯವಾಗಿ ಬಡಿಯುವುದನ್ನು ಕಂಡು ಮಕ್ಕಳು ಈಗಲೂ ನಗುತ್ತಾರೆ. ಜರ್ಮನಿಯಲ್ಲಿ ಆಸ್ಕರ್ ಫಿಷಿಂಗರ್ ಬಿಳಿ ಹಾಳೆಯ ಮೇಲೆ ಇದ್ದಿಲಿನಿಂದ ಸಾವಿರಾರು ರೇಖೆಗಳನ್ನು ಬರೆದು, ಬ್ರಾಮ್ಸ್‌ನ ನೃತ್ಯಸಂಗೀತಕ್ಕೆ ಅವುಗಳನ್ನು ಕಪ್ಪು ತೆರೆಯ ಮೇಲೆ ಬಿಳಿ ಮಿಂಚುಗಳಂತೆ ಕುಣಿಸಿದ. ಅವನ ಕೆಲವು ಚಿತ್ರಗಳು ಗ್ರಾಮೊಫೋನ್ ಪ್ಲೇಟಿನ ಜಾಹೀರಾತಾಗಿಯೂ ಕೆಲಸ ಮಾಡಿದವು. ಸಂಗೀತ ಮಾರಲು ಚಿತ್ರ ಮಾಡುವ ಉಪಾಯ ಟೀವಿಯ ಕಾಲದ್ದೆಂದು ತಿಳಿದವರಿಗೆ ಇದನ್ನು ಹೇಳಬೇಕು. ವಾರ್ನರ್ ಕಂಪನಿಯೂ ಸಂಗೀತ ಪ್ರಕಾಶನ ಸಂಸ್ಥೆಗಳನ್ನು ಕೊಂಡು, ಅವುಗಳ ಹಾಡುಗಳನ್ನು ತನ್ನ ವ್ಯಂಗ್ಯಚಿತ್ರಗಳಲ್ಲಿ ಹಾಡಿಸಿತು.

ಆಸನಗಳು ಅದಲುಬದಲಾದವೆಂದು ಆರಂಭದಲ್ಲಿ ಹೇಳಿದೆನಲ್ಲ, ಅದು ಎಲ್ಲಿ ಆಯಿತು? ಒಂದು ಜಾಗವನ್ನು ತೋರಿಸಬಲ್ಲೆ. 1929ರ ‘ದಿ ಬ್ರಾಡ್‌ವೇ ಮೆಲೊಡಿ’ ಎಂಬ ಕಥಾಚಿತ್ರದಲ್ಲಿ ಒಂದು ನೃತ್ಯಗೀತೆಯ ಚಿತ್ರಣ ಸರಿಬರದೆ ಮತ್ತೆ ತೆಗೆಯಬೇಕಾಯಿತು. ಧ್ವನಿಮುದ್ರಣ ಚೆನ್ನಾಗಿಯೇ ಇದ್ದುದರಿಂದ, ಅದನ್ನೇ ಮತ್ತೆ ನುಡಿಸಿ ಕಲಾವಿದರಿಂದ ಅದಕ್ಕೆ ಸರಿಯಾಗಿ ಕುಣಿಸಿದರೆ ವಾದ್ಯವೃಂದದ ಖರ್ಚು ಉಳಿಯುತ್ತದೆಂದು ಧ್ವನಿತಜ್ಞ ಡಗ್ಲಸ್ ಶಿಯರರ್ ಸೂಚಿಸಿದ. ಆಲಿಸ್ ಗೀ ಕಾಲದ ಹಳೆಯ ವಿದ್ಯೆ ಹೀಗೆ ದುಡ್ಡು ಉಳಿಸುವ ನೆಪದಲ್ಲಿ ಮರಳಿತು. ಅದರೊಂದಿಗೆ ಕ್ಯಾಮೆರಾ ಪೆಟ್ಟಿಗೆಯಿಂದ ಹೊರಬಂದು, ಹಾಡನ್ನು ಹತ್ತು ದಿನ, ಹತ್ತು ಕೋನಗಳಿಂದ, ತುಂಡುತುಂಡಾಗಿ ಚಿತ್ರಿಸಬಹುದಾಯಿತು. ಹಾಡುವವನು ಬೇರೆ, ಕಾಣಿಸುವವನು ಬೇರೆ ಆಗುವುದಕ್ಕೂ ಅಲ್ಲಿಂದ ದಾರಿಯಾಯಿತು. ನಮ್ಮಲ್ಲಿ 1935ರಲ್ಲಿ ಕಲ್ಕತ್ತೆಯ ನ್ಯೂ ಥಿಯೇಟರ್ಸ್‌ನಲ್ಲಿ ನಿತಿನ್ ಬೋಸ್ ಮತ್ತು ಆರ್. ಸಿ. ಬೋರಾಲ್ ಹಿನ್ನೆಲೆ ಗಾಯನವನ್ನು ತಂದರು.

ಭಾರತದಲ್ಲಿ ಈ ಕಿರುಚಿತ್ರಗಳ ಆಯುಷ್ಯ ಕಡಿಮೆ. ಕಲ್ಕತ್ತೆಯ ಮದನ್ ಥಿಯೇಟರ್ಸ್ 1931ರಲ್ಲಿ ಹಾಡು, ಕುಣಿತ, ನಾಟಕದ ತುಣುಕುಗಳ ಧ್ವನಿಚಿತ್ರಗಳನ್ನು ತಯಾರಿಸಿ ತೋರಿಸಿತು. ಅದೇ ವರ್ಷ ಅಕ್ಟೋಬರ್ 31ರಂದು ಮದರಾಸಿನಲ್ಲಿ ತೆರೆಕಂಡ ‘ಕಾಳಿದಾಸ್’ ಜೊತೆಗೆ ಟಿ. ಪಿ. ರಾಜಲಕ್ಷ್ಮಿ ಕೊರವಂಜಿಯ ವೇಷದಲ್ಲಿ ಹಾಡಿ ಕುಣಿದ ತುಣು‌ಕುಚಿತ್ರವನ್ನೂ ತೋರಿಸಿದರು. ಮುಖ್ಯಚಿತ್ರದಲ್ಲಿ ನಾಯಕಿ ತಮಿಳಿನಲ್ಲೂ ನಾಯಕ ತೆಲುಗಿನಲ್ಲೂ ಮಾತನಾಡುತ್ತಿದ್ದರೂ ಯಾರಿಗೂ ಕೊರತೆ ಎನ್ನಿಸಿದಂತಿಲ್ಲ, ಹಾಡು ಇತ್ತಲ್ಲ. ಆದರೆ ಹಾಡನ್ನು ಪ್ರತ್ಯೇಕ ಪೊಟ್ಟಣ ಕಟ್ಟಿ ಮಾರುವ ಅಗತ್ಯ ನಮಗೆ ಬರಲಿಲ್ಲ. 1931ರ ಮಾರ್ಚ್ 14ರಂದು ಬಂದ ‘ಆಲಂ ಆರಾ’ದಲ್ಲಿ ಏಳು ಹಾಡುಗಳಿದ್ದರೆ, ಮರುವರ್ಷ ಮದನ್ ಕಂಪನಿಯ ‘ಇಂದ್ರಸಭಾ’ದಲ್ಲಿ ಸುಮಾರು ಎಪ್ಪತ್ತು. ಅದನ್ನು ಕಥಾಚಿತ್ರ ಎನ್ನುವುದಕ್ಕಿಂತ ಎಪ್ಪತ್ತು ಹಾಡುಚಿತ್ರಗಳ ಸರ ಎನ್ನುವುದು ಹೆಚ್ಚು ಸರಿ. ಕನ್ನಡದ ಮೊದಲ ಟಾಕಿ ‘ಸತಿ ಸುಲೋಚನ’ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡಾಗ ಅದರಲ್ಲಿ ಹಾಡಿದ ಸುಬ್ಬಯ್ಯ ನಾಯ್ಡು, ನಾಗೇಂದ್ರರಾವ್ ಮುಂತಾದವರು ಕಂಪನಿ ನಾಟಕದ ಹಲಗೆಯಿಂದ ನೇರವಾಗಿ ಕೊಲ್ಹಾಪುರದ ಸ್ಟುಡಿಯೋಗೆ ಹೋದವರು. ರಂಗಗೀತೆಯ ಅಭ್ಯಾಸವೇ ಅವರ ಬಂಡವಾಳ. ಆ ಚಿತ್ರದ ಒಂದು ಪ್ರತಿಯೂ ಉಳಿದಿಲ್ಲ, ‘ಆಲಂ ಆರಾ’ದ್ದೂ ಉಳಿದಿಲ್ಲ.

ಉಳಿಯುವ ಮಾತು ಬಂದಾಗ ವೈಟಾಫೋನಿನ ಪಾಡು ವಿಚಿತ್ರವಾದದ್ದು. ಪ್ಲೇಟು ಬೇರೆ, ಫಿಲ್ಮು ಬೇರೆಯಾದ್ದರಿಂದ, ಎಷ್ಟೋ ಚಿತ್ರಗಳು ಧ್ವನಿಯಿಲ್ಲದೆ ಭಂಡಾರಗಳಲ್ಲಿ ಬಿದ್ದಿದ್ದವು, ಅವುಗಳ ಪ್ಲೇಟುಗಳು ಯಾರ ಯಾರದೋ ಅಟ್ಟದ ಮೇಲೆ. 1991ರಲ್ಲಿ ಅಮೆರಿಕದ ಕೆಲವು ಹವ್ಯಾಸಿ ಸಂಗ್ರಾಹಕರು ವೈಟಾಫೋನ್ ಪ್ರಾಜೆಕ್ಟ್ ಎಂಬ ಕೂಟ ಕಟ್ಟಿ, ಪ್ಲೇಟುಗಳನ್ನು ಹುಡುಕಿ ಫಿಲ್ಮುಗಳಿಗೆ ಜೋಡಿಸುವ ಕೆಲಸ ಆರಂಭಿಸಿದರು. ‘ಎ ಪ್ಲಾಂಟೇಶನ್ ಆಕ್ಟ್’ನ ಫಿಲ್ಮು ಸಿಕ್ಕಿದ ಮೇಲೂ ಅದರ ಪ್ಲೇಟು ಸಿಕ್ಕಿದ್ದು ಒಡೆದು ಅಂಟಿಸಿದ ಸ್ಥಿತಿಯಲ್ಲಿ, ಆ ಬಿರುಕುಗಳ ಸದ್ದನ್ನು ಒಂದೊಂದಾಗಿ ತೆಗೆದು ಜೋಲ್ಸನ್‌ನ ದನಿಯನ್ನು ಮರಳಿ ಪಡೆದರು.

ನಮ್ಮ ಲೆಕ್ಕದಲ್ಲಿ ಈ ಕಾಲಮಾನ ಸ್ವಲ್ಪ ನೋವಿನದು. ಮಾರ್ಟಿನೆಲ್ಲಿ ತೆರೆಯ ಮೇಲೆ ಹಾಡಿದ 1926ರಲ್ಲೇ ವೀಣೆ ಶೇಷಣ್ಣನವರು ಮೈಸೂರಿನಲ್ಲಿ ತೀರಿಕೊಂಡರು. 1902ರಲ್ಲಿ ಕಲ್ಕತ್ತೆಯಲ್ಲಿ ಗ್ರಾಮೊಫೋನಿಗೆ ಹಾಡಿ, ಹಾಡಿನ ಕೊನೆಯಲ್ಲಿ ತನ್ನ ಹೆಸರನ್ನು ಇಂಗ್ಲಿಷಿನಲ್ಲಿ ಕೂಗಿ ಹೇಳಿದ ಗೌಹರ್ ಜಾನ್ ಕೊನೆಗಾಲದಲ್ಲಿ ಮೈಸೂರು ಅರಮನೆಯ ಆಶ್ರಯಕ್ಕೆ ಬಂದು, 1930ರ ಜನವರಿಯಲ್ಲಿ ಅಲ್ಲೇ ಕಣ್ಣುಮುಚ್ಚಿದಳು. ‘ಆಲಂ ಆರಾ’ ಬರಲು ಇನ್ನೂ ಹದಿನಾಲ್ಕು ತಿಂಗಳಿತ್ತು. ಆಕೆಯ ದನಿಯನ್ನು ಇವತ್ತು ಯಾರು ಬೇಕಾದರೂ ಕೇಳಬಹುದು. ಆ ಹೆಸರನ್ನು ಕೂಗುವಾಗ ಆಕೆ ನಗುತ್ತಿದ್ದಳೋ ಇಲ್ಲವೋ ತಿಳಿಯುವುದಿಲ್ಲ.

ಈಗ ದೀಪ ಆರಿಸಿ ಎರಡು ಚಿತ್ರಗಳನ್ನು ತೋರಿಸುತ್ತೇವೆ. ಮೊದಲು ರಾಯ್ ಸ್ಮೆಕ್. ಆತನ ಬಲಗೈಯ ಮೇಲೆ ಕಣ್ಣಿಡಿ, ಕೊನೆಯಲ್ಲಿ ಆತ ತಲೆಬಾಗಿದಾಗ ಚಪ್ಪಾಳೆ ತಟ್ಟಬೇಕೆನ್ನಿಸಿದರೆ ಸಂಕೋಚ ಬೇಡ, ಅದಕ್ಕೆ ಆತ ಸಮಯ ಬಿಟ್ಟಿದ್ದಾನೆ. ಆಮೇಲೆ ಬೆಸ್ಸಿ ಸ್ಮಿತ್. ಅದಕ್ಕೆ ಚಪ್ಪಾಳೆಯ ಜಾಗವಿಲ್ಲ.